ಸಹಕಾರಿ ಬ್ಯಾಂಕಿನ ನೌಕರನೂ ನ್ಯಾಯದ ಬಾಗಿಲೂ

ಆಪಾದನೆಯನ್ನು ತಿಳಿಸದೆ, ಉತ್ತರವನ್ನು ಕೇಳದೆ ಯಾರನ್ನೂ ದಂಡಿಸಬಾರದೆಂಬುದು ಸಹಜನ್ಯಾಯದ ಮೂಲತತ್ತ್ವ. ಸಾಕ್ಷಿಗಳನ್ನು ನೌಕರನ ಎದುರಿನಲ್ಲಿಯೇ ವಿಚಾರಿಸಿ, ಪಾಟೀಸವಾಲಿಗೆ ಅವಕಾಶ ಕೊಡಬೇಕೆಂದು ಸರ್ವೋಚ್ಚ ನ್ಯಾಯಾಲಯವು 1963ರಲ್ಲಿ ಮೀನ್‌ಗ್ಲಾಸ್ ಚಹಾ ತೋಟದ ಮೊಕದ್ದಮೆಯಲ್ಲಿ ಹೇಳಿತು. ಆದರೆ ಸಹಕಾರಿ ಬ್ಯಾಂಕಿನ ನೌಕರನು ಈ ತತ್ತ್ವದ ಭಂಗವನ್ನು ಯಾರ ಮುಂದೆ ನಿವೇದಿಸಬೇಕು? ಈ ಪ್ರಶ್ನೆಯ ಇತಿಹಾಸವನ್ನು ಇಲ್ಲಿ ಪರಿಶೀಲಿಸುವೆವು.

ಸೇವಾ ಷರತ್ತುಗಳ ವಿವಾದವು ಸಂಘದ ವ್ಯವಹಾರಕ್ಕೆ ಸಂಬಂಧಿಸಿದ್ದಲ್ಲ, ಅದು ಕೈಗಾರಿಕಾ ನ್ಯಾಯಮಂಡಲಿಗೆ ಸೇರಿದ್ದೆಂದು 1969ರಲ್ಲಿ ಆಂಧ್ರಪ್ರದೇಶದ ಸಹಕಾರಿ ಕೇಂದ್ರ ಬ್ಯಾಂಕುಗಳ ಮೊಕದ್ದಮೆಯಲ್ಲಿ ಅದೇ ನ್ಯಾಯಾಲಯದ ತೀರ್ಪಾಯಿತು. ಕರ್ನಾಟಕವು 1976ರಲ್ಲಿ ತನ್ನ 1959ರ ಸಹಕಾರ ಸಂಘಗಳ ಅಧಿನಿಯಮದ 70ನೆಯ ಪ್ರಕರಣವನ್ನು ತಿದ್ದಿ, ಶಿಸ್ತುಕ್ರಮದ ವಿವಾದಗಳನ್ನು ರಿಜಿಸ್ಟ್ರಾರರ ಮುಂದೆ ತಂದಿತು. ಹೀಗೆ ಬಾಗಿಲುಗಳು ಎರಡಾದವು, ಸಂದೇಹವೂ ಹುಟ್ಟಿತು. ಈ ತಿದ್ದುಪಡಿಯು ಕಾರ್ಮಿಕ ನ್ಯಾಯಾಲಯದ ಅಧಿಕಾರವನ್ನು ತೆಗೆದುಹಾಕಿರಲಿಲ್ಲ, ರಾಷ್ಟ್ರಪತಿಗಳ ಅನುಮತಿ ಪಡೆದ ಇನ್ನೊಂದು ತಿದ್ದುಪಡಿಯು 2000ದ ಜೂನ್ 20ರಂದು ಜಾರಿಗೆ ಬಂದ ಮೇಲೆಯೇ ಆ ಅಧಿಕಾರವು ಕೊನೆಗೊಂಡಿತು ಎಂದು ಸರ್ವೋಚ್ಚ ನ್ಯಾಯಾಲಯವು ಬಿಜಾಪುರದ ಹಾಲು ಒಕ್ಕೂಟದ ಮೊಕದ್ದಮೆಯಲ್ಲಿ ನಿರ್ಣಯಿಸಿದ್ದು 2007ರಲ್ಲಿ.

ಮೊದಲ ತಿದ್ದುಪಡಿಯಿಂದ ಈ ನಿರ್ಣಯದವರೆಗೆ 31 ವರ್ಷಗಳು ಸಂದಿದ್ದವು. ವಜಾಗೊಂಡವನು ತಪ್ಪು ಬಾಗಿಲಲ್ಲಿ ಕಾದರೆ ಅವನ ದುಡಿಯುವ ವಯಸ್ಸೇ ಕಳೆದುಹೋಗುತ್ತದೆ. ಆದುದರಿಂದ ವಿಚಾರಣೆಯ ಹಕ್ಕು ಎಷ್ಟು ಮುಖ್ಯವೋ, ದೂರನ್ನು ಕೇಳುವ ಸ್ಥಾನವು ನಿಶ್ಚಿತವಾಗಿರುವುದೂ ಅಷ್ಟೇ ಮುಖ್ಯವೆಂಬುದು ನಮ್ಮ ಅಭಿಪ್ರಾಯ.