ಮೂಕಿ ಚಿತ್ರದಲ್ಲಿ ಉಳಿದ ಬರ್ಮಾ ಚೆಂಡಾಟ

ಲಗೋರಿಯಲ್ಲಿ ಒಂದು ಪಕ್ಷ ಗೆದ್ದರೆ ಇನ್ನೊಂದು ಸೋಲಲೇಬೇಕು. 1937ರವರೆಗೆ ಬ್ರಿಟಿಷ್ ಭಾರತದ ಭಾಗವಾಗಿದ್ದ ಬರ್ಮಾದ, ಅಂದರೆ ಇಂದಿನ ಮ್ಯಾನ್ಮಾರ್‌ನ, 'ಚಿನ್‌ಲೋನ್' ಹಾಗಲ್ಲ. ಅದರ ಸಾಂಪ್ರದಾಯಿಕ ರೂಪದಲ್ಲಿ ಎದುರಾಳಿಯೇ ಇಲ್ಲ. ಬೆತ್ತದಿಂದ ಹೆಣೆದ ಪೊಳ್ಳು ಚೆಂಡು, ಸುತ್ತುಗಟ್ಟಿ ನಿಂತ ಆರು ಮಂದಿ. ಕೈ ತಾಗಿಸದೆ, ಕಾಲು ಮೊಣಕಾಲುಗಳಿಂದಲೇ ಚೆಂಡು ನೆಲಕ್ಕೆ ಬೀಳದಂತೆ ಚಿಮ್ಮುತ್ತಿರಬೇಕು. ಒಬ್ಬ ನಡುವೆ ಕುಣಿದಂತೆ ಆಡಿದರೆ, ಉಳಿದವರು ಅವನಿಗೆ ಚೆಂಡು ಒದಗಿಸುತ್ತಾರೆ.

ಈ ಆಟಕ್ಕೆ ಲಿಖಿತ ನಿಯಮಗಳು ಬಂದದ್ದು 1953ರಲ್ಲಿ. ಅದಕ್ಕೂ ಮುಂಚಿನ ಕಾಲ್ಚಳಕ ಆರಂಭ ಕಾಲದ ಚಲನಚಿತ್ರದಲ್ಲಿ ಸೆರೆಯಾಗಿದೆ. ಆದರೆ ಆ ಚಿತ್ರಕ್ಕೆ ಮಾತಿಲ್ಲ, ಸದ್ದಿಲ್ಲ. ಹಬ್ಬಗಳಲ್ಲಿ ಚಿನ್‌ಲೋನ್ ನಡೆಯುವುದು ವಾದ್ಯಮೇಳದೊಂದಿಗೆ. ಆಟಗಾರನ ಹೆಜ್ಜೆಗೆ ವಾದಕರು ಲಯ ಹೊಂದಿಸುತ್ತಾರೆ. ಚೆಂಡೆ ಮದ್ದಳೆಯಿಲ್ಲದ ಯಕ್ಷಗಾನ ಹೇಗೋ, ಈ ದಾಖಲೆಯೂ ಹಾಗೆಯೇ.

2013ರ ಆಗ್ನೇಯ ಏಷ್ಯಾ ಕ್ರೀಡಾಕೂಟದಲ್ಲಿ ಚಿನ್‌ಲೋನ್‌ಗೆ ಅಂಕ, ಪದಕಗಳೂ ಬಂದವು. ಗೆಲುವಿನ ಹಂಗಿಲ್ಲದ ಆಟದ ನೆನಪಿಗೆ ಹಳೆಯ ಚಿತ್ರವೂ ಸಾಲದು, ಪದಕವೂ ಸಾಲದು; ಹಬ್ಬದ ಬಯಲಲ್ಲಿ ಆಡುವವರು ಉಳಿಯಬೇಕು.