ಫ್ರಾನ್ಸಿನಲ್ಲಿ ಬಹಿರಂಗ ಶಿರಶ್ಛೇದ: ಚೌಕದಿಂದ ಸೆರೆಮನೆಯ ಅಂಗಳಕ್ಕೆ

ಫ್ರೆಂಚರ ಮರಣದಂಡನೆಯ ಇತಿಹಾಸವೆಂದೊಡನೆ ಗಿಲೊಟಿನ್ ಯಂತ್ರವೂ 1793–94ರ ಭಯಾಳ್ವಿಕೆಯೂ ನೆನಪಿಗೆ ಬರುವುದು ಸಹಜ. ಆದರೆ ಆ ಯಂತ್ರವನ್ನು ಎಲ್ಲಿ ನಿಲ್ಲಿಸಲಾಯಿತು, ಯಾರಿಗೆ ತೋರಿಸಲಾಯಿತು ಎಂಬ ಪ್ರಶ್ನೆಯೂ ಅಷ್ಟೇ ವಿಚಾರಾರ್ಹವಾದುದು. ಶಿಕ್ಷೆ ಬಹಿರಂಗವಾಗಿಯೇ ನಡೆಯಬೇಕೆಂದು ಕಾನೂನು 1939ರವರೆಗೂ ವಿಧಿಸುತ್ತಿದ್ದಿತು. ಅದೇ ಕಾನೂನನ್ನು ನಡೆಸುತ್ತಿದ್ದ ಸರ್ಕಾರಗಳು ಅದಕ್ಕೂ ನೂರು ವರ್ಷ ಮೊದಲಿನಿಂದ ವಧಾವೇದಿಕೆಯನ್ನು ಜನರ ಕಣ್ಣಿನಿಂದ ಮೆಲ್ಲಮೆಲ್ಲನೆ ಮರೆಮಾಡುತ್ತ ಬಂದವು.

ಕ್ರಾಂತಿಗೆ ಮುಂಚಿನ ಫ್ರಾನ್ಸಿನಲ್ಲಿ ಸಾವಿಗೂ ಅಂತಸ್ತಿನ ತಾರತಮ್ಯವಿದ್ದಿತು. ಸಾಮಾನ್ಯನಿಗೆ ನೇಣು, ದರೋಡೆಗಾರನಿಗೆ ಚಕ್ರದ ಮೇಲೆ ಎಲುಬು ಮುರಿಯುವ ಶಿಕ್ಷೆ, ಧರ್ಮದ್ರೋಹಿಗೆ ಬೆಂಕಿ. ಖಡ್ಗದಿಂದ ತಲೆ ಕಡಿಸಿಕೊಳ್ಳುವುದು ಕುಲೀನರ ಹಕ್ಕಾಗಿದ್ದಿತು. ಪ್ಯಾರಿಸ್ಸಿನ ಪುರಭವನದ ಎದುರಿನ ಗ್ರೆವ್ ಚೌಕವು ಶತಮಾನಗಳ ಕಾಲ ಈ ಎಲ್ಲ ಬಗೆಯ ಸಾವುಗಳಿಗೂ ರಂಗಸ್ಥಳವಾಗಿದ್ದಿತು. 15ನೆಯ ಲೂಯಿಯನ್ನು ಚೂರಿಯಿಂದ ಇರಿದ ದಾಮಿಯಾಂ ಎಂಬವನ ದೇಹವನ್ನು 1757ರ ಮಾರ್ಚ್ 28ರಂದು ಕುದುರೆಗಳನ್ನು ಕಟ್ಟಿ ಸೀಳಿಸಿದುದು ಇಲ್ಲಿಯೇ.

ಒಂಬತ್ತು ವರ್ಷಗಳ ತರುವಾಯ, 1766ರ ಮೇ 9ರಂದು, ಅದೇ ಚೌಕದಲ್ಲಿ ಕೌಂಟ್ ಲಾಲಿಯ ತಲೆ ಉರುಳಿತು. ಈತನು ನಮ್ಮ ಇತಿಹಾಸಕ್ಕೆ ಅಪರಿಚಿತನಲ್ಲ. 1760ರಲ್ಲಿ ವಂದವಾಸಿಯಲ್ಲಿ ಸೋತು, ಹೈದರ್ ಅಲಿಯೊಡನೆ ಒಪ್ಪಂದ ಮಾಡಿಕೊಂಡು ನೆರವು ಪಡೆದರೂ ಉಳಿಯಲಾರದೆ, 1761ರ ಜನವರಿಯಲ್ಲಿ ಪುದುಚೇರಿಯನ್ನು ಆಂಗ್ಲರಿಗೆ ಒಪ್ಪಿಸಿದ ಸೇನಾನಿ ಇವನೇ. ಭಾರತದಲ್ಲಾದ ಸೋಲಿನ ಹೊಣೆಯೆಲ್ಲ ಅವನ ತಲೆಯ ಮೇಲೆ ಬಿದ್ದು, ರಾಜನ ಹಿತಕ್ಕೆ ದ್ರೋಹವೆಸಗಿದನೆಂದು ತೀರ್ಪಾಯಿತು. ಕುಲೀನನಾದುದರಿಂದ ಅವನಿಗೆ ಖಡ್ಗದ ಮರ್ಯಾದೆಯೇನೋ ದೊರೆಯಿತು. ಆದರೆ ಅವನನ್ನು ಬಾಯಿಗೆ ತಡೆ ಬಿಗಿದು ವಧಾಸ್ಥಾನಕ್ಕೆ ಕರೆತರಲಾಯಿತು. ಜನ ನೋಡಬೇಕು, ಆದರೆ ಸಾಯುವವನ ಮಾತನ್ನು ಕೇಳಬಾರದು! ಬಹಿರಂಗ ಶಿಕ್ಷೆಯ ಬಗ್ಗೆ ಪ್ರಭುತ್ವಕ್ಕೆ ಇದ್ದ ಅಳುಕು ಇಲ್ಲಿಯೇ ಕಾಣುತ್ತದೆ. 1778ರಲ್ಲಿ ರಾಜಪರಿಷತ್ತು ಆ ತೀರ್ಪನ್ನು ರದ್ದುಪಡಿಸಿತು. ಲಾಲಿಯ ಪರವಾಗಿ ಹೋರಾಡಿದ ವೋಲ್ಟೇರನು ಸುದ್ದಿಯನ್ನು ಕೇಳಿದುದು ಮರಣಶಯ್ಯೆಯಲ್ಲಿ.

ಅಪರಾಧಿಯ ಅಂತಸ್ತು ಏನೇ ಇರಲಿ, ಒಂದೇ ಅಪರಾಧಕ್ಕೆ ಒಂದೇ ಶಿಕ್ಷೆಯೆಂಬ ಸೂಚನೆಯನ್ನು ಗಿಲೊಟಿನ್ ಎಂಬ ವೈದ್ಯನು 1789ರಲ್ಲಿ ರಾಷ್ಟ್ರೀಯ ಸಭೆಯ ಮುಂದಿಟ್ಟನು. 1791ರ ದಂಡಸಂಹಿತೆಯು ಮರಣದಂಡನೆಗೆ ಗುರಿಯಾದ ಪ್ರತಿಯೊಬ್ಬನಿಗೂ ಶಿರಶ್ಛೇದವನ್ನೇ ವಿಧಿಸಿತು. ಕುಲೀನರ ಹಕ್ಕು ಹೀಗೆ ಸರ್ವರ ಹಕ್ಕಾಯಿತೆನ್ನಬೇಕು. ಆದರೆ ಎಲ್ಲರ ತಲೆಯನ್ನೂ ಕಡಿಯುವುದು ಖಡ್ಗದಿಂದ ಆಗದ ಕೆಲಸವೆಂದು ವಧಕನಾದ ಸಾನ್ಸನ್ನನೇ ಎಚ್ಚರಿಸಿದನು. ಶಸ್ತ್ರವೈದ್ಯ ಆಂತ್ವಾನ್ ಲೂಯಿ ಯಂತ್ರದ ಸ್ವರೂಪವನ್ನು ನಿರ್ಧರಿಸಿದನು. ತಂತಿವಾದ್ಯಗಳನ್ನು ಮಾಡುತ್ತಿದ್ದ ಶ್ಮಿಟ್ ಎಂಬ ಜರ್ಮನನು ಅದನ್ನು ನಿರ್ಮಿಸಿದನು. 1792ರ ಏಪ್ರಿಲ್ 25ರಂದು ಪೆಲ್ತಿಯೆ ಎಂಬ ದಾರಿಗಳ್ಳನು ಅದಕ್ಕೆ ಮೊದಲ ಆಹುತಿಯಾದನು. ಎಲ್ಲವೂ ಕ್ಷಣಾರ್ಧದಲ್ಲಿ ಮುಗಿದುಹೋದುದರಿಂದ ನೆರೆದವರಿಗೆ ತೃಪ್ತಿಯಾಗಲಿಲ್ಲವೆಂದು ಅಂದಿನ ವರದಿಗಳು ತಿಳಿಸುತ್ತವೆ. ನೋವನ್ನು ತೆಗೆದುಹಾಕಿದ ಯಂತ್ರವು ನೋಟವನ್ನೂ ಕಸಿದುಕೊಂಡಿತ್ತು.

ಭಯಾಳ್ವಿಕೆಯ ವಿವರಗಳನ್ನು ಇಲ್ಲಿ ಬೆಳೆಸಬೇಕಾಗಿಲ್ಲ. ದೇಶದಲ್ಲೆಲ್ಲ ಆಗ ವಿಧಿಸಿದ ಮರಣದಂಡನೆಗಳು ಸುಮಾರು 17,000. ಗಮನಿಸತಕ್ಕ ಸಂಗತಿಯೆಂದರೆ, 16ನೆಯ ಲೂಯಿಯ ತಲೆ ಬಿದ್ದ ಕ್ರಾಂತಿ ಚೌಕದಿಂದ ಯಂತ್ರವನ್ನು 1794ರ ಜೂನ್‌ನಲ್ಲಿ ನಗರದ ಪೂರ್ವದಂಚಿಗೆ ಸಾಗಿಸಲಾಯಿತು. ಅಲ್ಲಿ ಆರು ವಾರಗಳೊಳಗೆ 1,306 ಮಂದಿ ಹತರಾದರು. ಜುಲೈ 28ರಂದು ರೋಬೆಸ್‌ಪಿಯರನ ಸರದಿ ಬಂದಾಗ ಮಾತ್ರ ಯಂತ್ರವನ್ನು ಮತ್ತೆ ನಗರದ ನಡುವಿಗೆ ತಂದರು. 1791ರ ಮೇ ತಿಂಗಳಿನಲ್ಲಿ ಮರಣದಂಡನೆಯನ್ನೇ ರದ್ದುಪಡಿಸಬೇಕೆಂದು ಸಭೆಯಲ್ಲಿ ವಾದಿಸಿದ್ದವನು ಈ ರೋಬೆಸ್‌ಪಿಯರನೇ.

1810ರ ದಂಡಸಂಹಿತೆಯ 26ನೆಯ ವಿಧಿಯು ಶಿಕ್ಷೆಯನ್ನು ಸಾರ್ವಜನಿಕ ಚೌಕದಲ್ಲಿ ಜಾರಿಗೊಳಿಸಬೇಕೆಂದು ನಿಯಮಿಸಿತು. ಆದರೂ 1832ರಲ್ಲಿ ಗಿಲೊಟಿನ್ ಗ್ರೆವ್ ಚೌಕವನ್ನು ಬಿಟ್ಟು ನಗರದ ಹೊರವಲಯದ ಸೇಂಟ್ ಜಾಕ್ ಸುಂಕದ ಕಟ್ಟೆಗೆ ಹೋಯಿತು. 1830ರ ಕ್ರಾಂತಿವೀರರ ರಕ್ತದಿಂದ ಚೌಕವು ಪವಿತ್ರವಾಗಿದೆಯೆಂಬುದು ಅಧಿಕಾರಿಗಳು ಕೊಟ್ಟ ಕಾರಣ. ವಿಕ್ಟರ್ ಹ್ಯೂಗೊ ಈ ನಾಚಿಕೆಯನ್ನು ಕಟುವಾಗಿ ಅಣಕಿಸಿದನು. ಹಾಡುಹಗಲಿನ ಕಾರ್ಯವು ಮುಂಜಾವಿಗೆ ಸರಿಯಿತು. 1851ರಲ್ಲಿ ವಧಾವೇದಿಕೆಯು ಲಾ ರೊಕೆತ್ ಸೆರೆಮನೆಯ ಬಾಗಿಲಿಗೆ ಬಂದಿತು. ಅದನ್ನು ಊರುತ್ತಿದ್ದ ಐದು ಚಪ್ಪಡಿ ಕಲ್ಲುಗಳನ್ನು ಆ ಬೀದಿಯಲ್ಲಿ ಇಂದಿಗೂ ನೋಡಬಹುದು. 1870ರ ನವೆಂಬರಿನಲ್ಲಿ ಕ್ರೆಮ್ಯೂವಿನ ಆಜ್ಞೆಯಿಂದ ವೇದಿಕೆಯೇ ಹೋಯಿತು. ಯಂತ್ರವು ನೆಲದ ಮೇಲೆ ನಿಂತಿತು; ಕಾವಲಿನವರ ಹಿಂದೆ ನಿಂತ ಗುಂಪಿಗೆ ಹೆಚ್ಚೇನೂ ಕಾಣುವಂತಿರಲಿಲ್ಲ. ವಿಧಿಯ ಒಂದು ಅಕ್ಷರವೂ ಬದಲಾಗದೆ ಅದರ ಅರ್ಥವು ಹೀಗೆ ಸೋರಿಹೋಯಿತು.

ಜನರ ಮನಸ್ಸೂ ಇದೇ ದಿಕ್ಕಿನಲ್ಲಿ ಬದಲಾಯಿತೆಂದು ಭಾವಿಸುವುದು ತಪ್ಪಾದೀತು. ಅಧ್ಯಕ್ಷ ಫಾಲಿಯೇರನು 1906ರಿಂದ ಮರಣದಂಡಿತರಿಗೆ ಕ್ಷಮೆ ನೀಡುತ್ತ ಬಂದಾಗ ಜನಾಭಿಪ್ರಾಯವು ಅವನಿಗೆ ವಿರುದ್ಧವಾಗಿ ಕೆರಳಿತು. 1908ರ ಡಿಸೆಂಬರಿನಲ್ಲಿ ರದ್ದತಿಯ ಪ್ರಸ್ತಾಪವು 330–201 ಮತಗಳಿಂದ ಬಿದ್ದುಹೋಯಿತು. ಮರುತಿಂಗಳೇ ಬೆಥ್ಯೂನ್ ಪಟ್ಟಣದಲ್ಲಿ ಒಂದೇ ಮುಂಜಾನೆ ನಾಲ್ಕು ತಲೆಗಳು ಬಿದ್ದವು.

ಕಡೆಗೆ ಬಹಿರಂಗ ವಧೆಯನ್ನು ನಿಲ್ಲಿಸಿದುದು ಕರುಣೆಯಲ್ಲ, ಛಾಯಾಗ್ರಹಣ. 1939ರ ಜೂನ್ 17ರಂದು ವರ್ಸೇಲ್ಸ್‌ನಲ್ಲಿ ವೈಡ್‌ಮನ್ ಎಂಬ ಕೊಲೆಗಾರನ ಶಿರಶ್ಛೇದಕ್ಕೆ ತಡವಾಗಿ ಬೆಳಕು ಹರಿದಿತ್ತು. ಚಿತ್ರಗಳನ್ನು ತೆಗೆದರು, ಚಲನಚಿತ್ರವನ್ನೂ ತೆಗೆದರು. ಒಂದು ವಾರದೊಳಗೆ, ಜೂನ್ 24ರಂದು, ದಲಾದಿಯೆಯ ಸರ್ಕಾರವು ಬಹಿರಂಗ ವಧೆಯನ್ನು ನಿಷೇಧಿಸಿತು. ಇತರರಿಗೆ ಪಾಠವಾಗಲೆಂಬ ಸಮರ್ಥನೆ ಮಾತ್ರ ಉಳಿಯಿತು. ಪಾಠವಾಗಬೇಕಾದುದನ್ನು ಬಚ್ಚಿಡುವುದೇಕೆಂದು 1957ರ ತನ್ನ ಪ್ರಬಂಧದಲ್ಲಿ ಆಲ್ಬರ್ಟ್ ಕಮೂ ಕೇಳಿದುದಕ್ಕೆ ಸರಿಯಾದ ಉತ್ತರ ಯಾರಿಂದಲೂ ಬಂದಂತಿಲ್ಲ.

ಕೊನೆಯ ಶಿರಶ್ಛೇದವು 1977ರ ಸೆಪ್ಟೆಂಬರ್ 10ರಂದು ಮಾರ್ಸೇಲ್ಸ್‌ನ ಸೆರೆಮನೆಯಲ್ಲಿ ನಡೆಯಿತು. 1981ರ ಸೆಪ್ಟೆಂಬರಿನಲ್ಲಿ ನ್ಯಾಯಮಂತ್ರಿ ರೊಬೇರ್ ಬಾದಾಂತೇರ್ ಮಂಡಿಸಿದ ರದ್ದತಿಯ ಮಸೂದೆಗೆ ಕೆಳಮನೆಯು 363–117 ಮತಗಳಿಂದ ಸಮ್ಮತಿಯಿತ್ತಿತು. ಅಕ್ಟೋಬರ್ 9ರಂದು ಅದು ಶಾಸನವಾಯಿತು. ಆ ಭಾಷಣದಲ್ಲಿ ಅವನು ಕಪ್ಪು ಮೇಲ್ಕಟ್ಟನ್ನು ನೆನಪಿಸಿದ್ದನು: ಸೆರೆಮನೆಯ ಅಂಗಳದಲ್ಲಿ, ನಸುಕಿನ ಹೊತ್ತಿನಲ್ಲಿ, ಯಾವ ಕಣ್ಣಿಗೂ ಬೀಳದಿರಲೆಂದು ಯಂತ್ರದ ಮೇಲೆ ಬಿಗಿಯುತ್ತಿದ್ದ ಬಟ್ಟೆ ಅದು.