ವೆರೋನಿಕಾ: ಹೆಸರಿನ ನಿಜವಾದ ಅರ್ಥ



ಮಗುವನ್ನು ದೀಕ್ಷಾಸ್ನಾನಕ್ಕೆ ಕರೆತರುವ ತಂದೆತಾಯಿಯರು ಹೆಸರಿನ ಅರ್ಥವನ್ನೂ ತಿಳಿದು ಬರುತ್ತಾರೆ. ಅದು ಒಳ್ಳೆಯದೇ. ಆದರೆ ಕೇಳಿದ ಅರ್ಥವೆಲ್ಲ ನಿಜವಲ್ಲ. ವೆರೋನಿಕಾ ಎಂಬ ಹೆಸರನ್ನೇ ನೋಡಿ.

ಶಿಲುಬೆಯ ಹಾದಿಯ ಆರನೆಯ ಸ್ಥಳದಲ್ಲಿ, ಯೇಸುಸ್ವಾಮಿಯ ಮುಖ ಒರೆಸಿದ ಈ ಮಹಿಳೆಯನ್ನು ಸ್ಮರಿಸುತ್ತೇವೆ. ವಸ್ತ್ರದ ಮೇಲೆ ಸ್ವಾಮಿಯ ಮುಖ ಮೂಡಿದ್ದರಿಂದ ‘ವೆರಾ ಐಕಾನ್’, ಅಂದರೆ ‘ನಿಜವಾದ ಪ್ರತಿರೂಪ’ ಎಂಬುದೇ ವೆರೋನಿಕಾ ಆಯಿತೆಂದು ಹಲವರು ಹೇಳುತ್ತಾರೆ. ‘ವೆರಾ’ ಲತೀನ್ ಪದ, ‘ಐಕಾನ್’ ಗ್ರೀಕ್ ಮೂಲದ್ದು. ಇವೆರಡನ್ನು ಜೋಡಿಸಿ ಅರ್ಥ ಹೇಳಿದವರು ಮಧ್ಯಯುಗದ ಲೇಖಕರು. ಹೆಸರು ಅದಕ್ಕಿಂತ ಬಹಳ ಹಳೆಯದು. ಅದರ ಮೂಲ ‘ಬೆರೆನಿಕೆ’ ಎಂಬ ಗ್ರೀಕ್ ಹೆಸರು. ಅರ್ಥ ‘ಜಯವನ್ನು ತರುವವಳು’. ಕ್ರಿಸ್ತಪೂರ್ವ 3ನೆಯ ಶತಮಾನದಲ್ಲೇ ಈಜಿಪ್ಟಿನ ರಾಣಿಯರಿಗೆ ಈ ಹೆಸರಿತ್ತು. ಪ್ರೇಷಿತರ ಕಾರ್ಯಕಲಾಪಗಳು 25:13ರಲ್ಲಿ ಅಗ್ರಿಪ್ಪ ರಾಜನೊಡನೆ ಬರುವ ಬೆರ್ನಿಕೆಯ ಹೆಸರೂ ಇದೇ.

ನಾಲ್ಕು ಶುಭಸಂದೇಶಗಳಲ್ಲಿ ವೆರೋನಿಕಾ ಎಂಬ ಹೆಸರಿಲ್ಲ. ಬೈಬಲಿಗೆ ಸೇರದ ‘ಪಿಲಾತನ ಕೃತ್ಯಗಳು’ ಎಂಬ ಪುರಾತನ ಗ್ರಂಥ, ರಕ್ತಸ್ರಾವದಿಂದ ಗುಣಹೊಂದಿದ ಸ್ತ್ರೀಯನ್ನು ಗ್ರೀಕಿನಲ್ಲಿ ಬೆರ್ನಿಕೆ, ಲತೀನಿನಲ್ಲಿ ವೆರೋನಿಕಾ ಎಂದು ಕರೆಯಿತು. ವಸ್ತ್ರದ ಕಥೆ ಆಮೇಲೆ ಬೆಳೆದು ಬಂತು.

ಇದರಿಂದ ನಮ್ಮ ಭಕ್ತಿ ಕುಂದಬೇಕಿಲ್ಲ. ಸತ್ಯಕ್ಕೆ ಹೆದರುವುದು ವಿಶ್ವಾಸವಲ್ಲ. ಹೆಸರಿಡುವ ಮುನ್ನ ಮೂರು ಪ್ರಶ್ನೆ ಕೇಳಿಕೊಳ್ಳಿ: ಇದು ಯಾವ ಭಾಷೆಯದು? ಮೊದಲು ಎಲ್ಲಿ ಸಿಗುತ್ತದೆ? ಈ ಅರ್ಥವನ್ನು ಯಾರು, ಯಾವಾಗ ಹೇಳಿದರು?

ನಾಳೆ ಮಗಳು ಕೇಳಿದಾಗ ಹೀಗೆನ್ನಿ: “ನಿನ್ನ ಹೆಸರಿನ ಅರ್ಥ ಜಯ ತರುವವಳು. ಅದನ್ನು ನಾವು ಇಟ್ಟದ್ದು ಒಬ್ಬ ಮಹಿಳೆಯ ಕರುಣೆಯನ್ನು ನೆನೆದು.”